ದಿಕ್ಕು ತಿಳಿದರೆ ಧೈರ್ಯ

ನಮ್ಮ ಮರವಂತೆಯಲ್ಲಿ ಒಂದು ಬದಿ ಕಡಲು. ಇನ್ನೊಂದು ಬದಿ ಸೌಪರ್ಣಿಕಾ ಹೊಳೆ. ನಡುವೆ ಹೆದ್ದಾರಿ. ದಿಕ್ಕು ಕಲಿಯಲು ಇದಕ್ಕಿಂತ ಒಳ್ಳೆಯ ಜಾಗ ಬೇಕೆ?

ಬನ್ನಿ, ಕಡಲಿಗೆ ಮುಖ ಮಾಡಿ ನಿಲ್ಲೋಣ. ಎದುರಿಗೆ ಪಡು, ಅಂದರೆ ಪಶ್ಚಿಮ. ಬೆನ್ನ ಹಿಂದೆ ಮೂಡು, ಅಂದರೆ ಪೂರ್ವ. ಬಲಗೈ ಬದಿ ಬಡಗು, ಅಂದರೆ ಉತ್ತರ. ಆ ಕಡೆ ಬೈಂದೂರು. ಎಡಗೈ ಬದಿ ತೆಂಕು, ಅಂದರೆ ದಕ್ಷಿಣ. ಆ ಕಡೆ ಕುಂದಾಪುರ. ಯಕ್ಷಗಾನದ ಬಡಗುತಿಟ್ಟು, ತೆಂಕುತಿಟ್ಟು ಹೆಸರುಗಳಲ್ಲೂ ಈ ದಿಕ್ಕುಗಳಿವೆ.

ಇರುಳಲ್ಲಿ ಎಂತ ಮಾಡುದು? ಏಪ್ರಿಲ್, ಮೇ ತಿಂಗಳಲ್ಲಿ ಬಡಗು ಬಾನಿನಲ್ಲಿ ಸಪ್ತರ್ಷಿ ಮಂಡಲ ಕಾಣುತ್ತದೆ. ನಾಲ್ಕು ಚುಕ್ಕಿ ಚೌಕದ ಹಾಗೆ, ಮೂರು ಚುಕ್ಕಿ ಬಾಲದ ಹಾಗೆ. ಬಾಲದಿಂದ ದೂರ ಇರುವ ಎರಡು ಚುಕ್ಕಿಗಳನ್ನು ಕೂಡಿಸಿ, ಗೆರೆಯನ್ನು ಕೆಳಗೆ ಮುಂದುವರಿಸಿ. ಅಲ್ಲಿ ಧ್ರುವ ನಕ್ಷತ್ರ ಸಿಗುತ್ತದೆ. ಅದು ಉತ್ತರ. ನಮ್ಮ ಊರಿನಲ್ಲಿ ಅದು ಬಹಳ ಕೆಳಗೆ ಕಾಣುತ್ತದೆ. ಈಗ ಮೊಬೈಲ್ ದಾರಿ ತೋರಿಸುತ್ತದೆ, ನಿಜ. ಚಾರ್ಜ್ ಮುಗಿದರೆ? ಚುಕ್ಕಿಗೆ ಚಾರ್ಜ್ ಬೇಡ.

ಸೌಪರ್ಣಿಕಾ ಹುಟ್ಟುವುದು ಕೊಡಚಾದ್ರಿಯಲ್ಲಿ. ಅದರ ಎತ್ತರ 1,343 ಮೀಟರ್. ನಮ್ಮ ಮಕ್ಕಳೂ ಅಲ್ಲಿಗೆ ಚಾರಣ ಹೋಗುತ್ತಾರೆ. ಮಂಜು ಕವಿದರೆ ಅಲ್ಲಿ ದಾರಿ ಕಾಣುವುದಿಲ್ಲ. ದಾರಿ ತಪ್ಪಿದರೆ ಹೀಗೆ ಮಾಡೋಣ:

1. ಓಡಬಾರದು. ನಿಂತು, ಕೂತು, ನಿಧಾನ ಉಸಿರಾಡಬೇಕು.
2. ಬಂದ ದಾರಿಯಲ್ಲಿ ಕಂಡ ಮರ, ಬಂಡೆ, ತಿರುವು ನೆನಪು ಮಾಡಬೇಕು.
3. ಗುರುತು ಸಿಕ್ಕರೆ ಮಾತ್ರ ಹಿಂದೆ ಹೋಗಬೇಕು. ಸಿಗದಿದ್ದರೆ ಅಲ್ಲೇ ಇರಬೇಕು.
4. ಮೂರು ಮೂರು ಸಲ ಸೀಟಿ ಊದಬೇಕು. ಫೋನ್ ಸಿಕ್ಕರೆ 112ಕ್ಕೆ ಕರೆ ಮಾಡಬೇಕು.

"ತೋಡು ಹಿಡಿದು ಇಳಿದರೆ ಊರು ಸಿಗ್ತದೆ" ಎಂದು ಕೆಲವರು ಹೇಳ್ತಾರೆ. ಘಟ್ಟದಲ್ಲಿ ಅದು ಅಪಾಯ. ತೋಡು ಒಮ್ಮೆಗೇ ಜಲಪಾತವಾಗಿ ಬೀಳಬಹುದು. ಪಾಚಿ ಕಟ್ಟಿದ ಬಂಡೆ ಜಾರುತ್ತದೆ. 2023ರ ಜುಲೈಯಲ್ಲಿ ಕೊಲ್ಲೂರು ಹತ್ತಿರದ ಅರಸಿನಗುಂಡಿ ಜಲಪಾತದಲ್ಲಿ ಯುವಕರೊಬ್ಬರು ಕಾಲು ಜಾರಿ ನೀರುಪಾಲಾದರು.

ಹಾಗಾದರೆ ಬೆಟ್ಟಕ್ಕೆ ಹೋಗುವುದೇ ಬೇಡವೇ? ಬೇಕು. ಹಸಿರಿನಲ್ಲಿ ನಡೆದರೆ ಮನಸ್ಸಿನ ಭಾರ ಇಳಿಯುತ್ತದೆ. ಒಳ್ಳೆಯ ನಿದ್ದೆ ಬರುತ್ತದೆ. ಕಷ್ಟದ ಏರು ಹತ್ತಿದವರಿಗೆ "ನನ್ನಿಂದಲೂ ಆಗ್ತದೆ" ಎಂಬ ನಂಬಿಕೆ ಹುಟ್ಟುತ್ತದೆ. ಆದರೆ ಮಳೆಗಾಲದಲ್ಲಿ ಬೇಡ. ಒಬ್ಬರೇ ಬೇಡ. ಎಲ್ಲಿಗೆ ಹೋಗುತ್ತೇವೆ, ಯಾವಾಗ ಬರುತ್ತೇವೆ ಎಂದು ಮನೆಯಲ್ಲಿ ಹೇಳಿ ಹೋಗೋಣ. ಈಗ ನಮಗೆ ಬರೆಯಲು ಬರುತ್ತದಲ್ಲ, ಚೀಟಿಯಲ್ಲಿ ಬರೆದಿಟ್ಟು ಹೋಗೋಣ.

ಅಭ್ಯಾಸ
1. ನಿಮ್ಮ ಮನೆ ಬಾಗಿಲು ಯಾವ ದಿಕ್ಕಿಗಿದೆ? ಬರೆಯಿರಿ.
2. ದಾರಿ ತಪ್ಪಿದರೆ ಮೊದಲು ಏನು ಮಾಡಬೇಕು?