ನಿವೃತ್ತರ ಮೇಲಿನ ಇಲಾಖಾ ವಿಚಾರಣೆ: ವಿಳಂಬಕ್ಕೂ ಒಂದು ಎಲ್ಲೆಯುಂಟು

ರಾಜ್ಯ ಸರ್ಕಾರದ ನೌಕರನು ಅರವತ್ತನೆಯ ವಯಸ್ಸಿನಲ್ಲಿ, ತಿಂಗಳ ಕೊನೆಯ ದಿನದ ಅಪರಾಹ್ನ, ಹಾರತುರಾಯಿಗಳೊಡನೆ ಕಚೇರಿಯಿಂದ ಹೊರಬಂದ ಮಾತ್ರಕ್ಕೆ ಅವನ ಸೇವೆಯ ಲೆಕ್ಕವೆಲ್ಲ ಚುಕ್ತವಾಯಿತೆಂದು ತಿಳಿಯತಕ್ಕುದಲ್ಲ. ಎಂದೋ ನಡೆದ ಖರೀದಿಯೊಂದರ, ಎಂದೋ ಹಾಕಿದ ಸಹಿಯೊಂದರ ವಿಷಯವಾಗಿ ಹೂಡಿದ ಇಲಾಖಾ ವಿಚಾರಣೆಯು ಬಾಕಿ ಉಳಿದಿದ್ದರೆ, ಅವನ ಉಪದಾನದ ಹಣವೂ ಆ ಕಡತದೊಡನೆ ಕಪಾಟಿನಲ್ಲಿಯೇ ಉಳಿಯುತ್ತದೆ. ಅಪರಾಧಿಗೆ ಶಿಕ್ಷೆಯಾಗಲೆಂಬುದರಲ್ಲಿ ಯಾರಿಗೂ ಭಿನ್ನಾಭಿಪ್ರಾಯವಿಲ್ಲ. ಆದರೆ ತಪ್ಪಿತಸ್ಥನೋ ಅಲ್ಲವೋ ಎಂಬುದು ನಿರ್ಣಯವಾಗುವುದಕ್ಕೆ ಮುಂಚೆಯೇ ಮುಪ್ಪಿನ ವರ್ಷಗಳು ಕಳೆದುಹೋಗುವುದಾದರೆ, ವಿಚಾರಣೆಯೇ ದಂಡನೆಯಾಗಿ ಪರಿಣಮಿಸುತ್ತದೆ.

ನಿವೃತ್ತಿವೇತನವು ಸರ್ಕಾರದ ಕೃಪಾದಾನವಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 1971ರಷ್ಟು ಹಿಂದೆಯೇ, ದೇವಕಿನಂದನ ಪ್ರಸಾದರ ಪ್ರಕರಣದಲ್ಲಿ ಹೇಳಿತು. 2013ರಲ್ಲಿ ಝಾರ್ಖಂಡ್ ರಾಜ್ಯದ ಪ್ರಕರಣವೊಂದರಲ್ಲಿ, ಅದು ಸಂವಿಧಾನದ 300-ಎ ಅನುಚ್ಛೇದದಡಿ ರಕ್ಷಿತವಾದ ಸ್ವತ್ತೆಂದೂ, ಕಾನೂನಿನ ಆಧಾರವಿಲ್ಲದೆ ಕೇವಲ ಆಡಳಿತದ ಸುತ್ತೋಲೆಯ ಬಲದಿಂದ ಅದನ್ನು ತಡೆಹಿಡಿಯಲಾಗದೆಂದೂ ಸ್ಪಷ್ಟಪಡಿಸಿತು. ಆದ್ದರಿಂದ ಹಣವನ್ನು ತಡೆದಿರುವ ಕಚೇರಿಯನ್ನು ನಿವೃತ್ತರು ಕೇಳಬೇಕಾದ ಮೊದಲ ಪ್ರಶ್ನೆ, ಯಾವ ನಿಯಮದ ಪ್ರಕಾರ ಎಂಬುದು.

ನಮ್ಮ ರಾಜ್ಯದಲ್ಲಿ ಆ ನಿಯಮವು ಕರ್ನಾಟಕ ನಾಗರಿಕ ಸೇವಾ ನಿಯಮಗಳ 214ನೆಯದು. ಸೇವೆಯಲ್ಲಿದ್ದಾಗಲೇ ಆರಂಭವಾದ ವಿಚಾರಣೆಯು ನಿವೃತ್ತಿಯ ಅನಂತರವೂ ಮುಂದುವರಿಯಬಹುದು. ಆದರೆ ನಿವೃತ್ತಿಯಾದ ಮೇಲೆ ಹೊಸದಾಗಿ ವಿಚಾರಣೆ ಹೂಡಬೇಕಾದರೆ ಸರ್ಕಾರದ ಮಂಜೂರಾತಿ ಬೇಕು. ಮಿಗಿಲಾಗಿ, ಆರೋಪಿತ ಘಟನೆಯು ವಿಚಾರಣೆ ಹೂಡುವ ದಿನಕ್ಕೆ ನಾಲ್ಕು ವರ್ಷಕ್ಕಿಂತ ಹಿಂದಿನದಾಗಿರಕೂಡದು. 2018ರ ಮಾರ್ಚ್‌ನಲ್ಲಿ ಸಾಮಗ್ರಿ ಖರೀದಿಸಿ, 2022ರ ಜೂನ್ 30ರಂದು ನಿವೃತ್ತನಾದ ಗುಮಾಸ್ತನೊಬ್ಬನನ್ನು ಭಾವಿಸಿಕೊಳ್ಳಿ. ಅವನಿಗೆ ಸೆಪ್ಟೆಂಬರಿನಲ್ಲಿ ದೋಷಾರೋಪಣಾ ಪಟ್ಟಿ ಹೊರಟರೆ ಅದು ಅವಧಿ ಮೀರಿದ್ದು, ನಿಲ್ಲಲಾರದು. ಅದೇ ಪಟ್ಟಿ ಜೂನ್ 29ರಂದೇ ಹೊರಟಿದ್ದರೆ ನಾಲ್ಕು ವರ್ಷದ ಈ ತಡೆ ಅವನ ನೆರವಿಗೆ ಬಾರದು. ವಿಚಾರಣೆ ಆರಂಭವಾಯಿತೆಂದು ಎಣಿಸುವುದು ದೋಷಾರೋಪಣಾ ಪಟ್ಟಿ ಹೊರಟ ದಿನದಿಂದ, ಅದಕ್ಕೂ ಮುಂಚೆ ಅಮಾನತು ಆಗಿದ್ದರೆ ಆ ದಿನದಿಂದ. ಬರಿಯ ಕಾರಣ ಕೇಳುವ ನೋಟಿಸಿನಿಂದಲ್ಲ. ಆದಕಾರಣ ಟಪ್ಪಾಲಿನಲ್ಲಿ ಬಂದ ಲಕೋಟೆಯನ್ನು ಹರಿದು ಬಿಸುಡಬೇಡಿ: ಒಳಗಿನ ಪತ್ರದಲ್ಲಿ ನಿವೃತ್ತಿಗೆ ಮುಂಚಿನ ದಿನಾಂಕವಿದ್ದು, ಮೇಲಿನ ಅಂಚೆಮುದ್ರೆ ಅನಂತರದ್ದಾಗಿದ್ದರೆ, ನಿಮ್ಮ ವಕೀಲರ ಕೈಗೆ ಅದಕ್ಕಿಂತ ಉತ್ತಮವಾದ ಸಾಕ್ಷ್ಯವಿರಲಾರದು.

ವಿಚಾರಣೆ ಬಾಕಿಯಿರುವವರೆಗೆ 214-ಎ ನಿಯಮದಂತೆ ತಾತ್ಕಾಲಿಕ ನಿವೃತ್ತಿವೇತನ ದೊರೆಯತಕ್ಕದ್ದು. ಉಪದಾನ ಮಾತ್ರ ಅಂತಿಮ ಆದೇಶದವರೆಗೆ ಕಾಯಬೇಕು. ಸಾಮಾನ್ಯ ಭವಿಷ್ಯನಿಧಿಯು ನೌಕರನದೇ ಉಳಿತಾಯ; ವಿಚಾರಣೆಯ ನೆಪದಿಂದ ಅದನ್ನು ಹಿಡಿದಿಟ್ಟುಕೊಳ್ಳುವುದು ಸಲ್ಲದು. ನಿವೃತ್ತನನ್ನು ವಜಾ ಮಾಡುವ ಮಾತಿಲ್ಲವಷ್ಟೆ. ಗುರುತರವಾದ ದುರ್ನಡತೆ ಅಥವಾ ನಿರ್ಲಕ್ಷ್ಯ ಸಿದ್ಧವಾದರೆ ಸರ್ಕಾರವು ನಿವೃತ್ತಿವೇತನದಲ್ಲಿ ಕಡಿತಮಾಡಬಹುದು, ಆದ ನಷ್ಟವನ್ನು ವಸೂಲು ಮಾಡಬಹುದು. (2006ರ ಏಪ್ರಿಲ್ 1ರಿಂದೀಚೆಗೆ ಸೇವೆಗೆ ಸೇರಿ ರಾಷ್ಟ್ರೀಯ ಪಿಂಚಣಿ ಯೋಜನೆಗೆ ಒಳಪಟ್ಟವರ ಸ್ಥಿತಿ ಬೇರೆಯದು.)

ಇನ್ನು ಸೇವೆಯಲ್ಲಿದ್ದಾಗಲೇ ಹೊರಟ, ಆದರೆ ಬಹು ಹಳೆಯ ಸಂಗತಿಗಳನ್ನು ಕೆದಕುವ ಆರೋಪಗಳ ಮಾತು. ಬಾನಿ ಸಿಂಗ್ ಪ್ರಕರಣದಲ್ಲಿ (1990) ಹನ್ನೆರಡು ವರ್ಷಕ್ಕೂ ಮಿಕ್ಕ ವಿಳಂಬಕ್ಕೆ ಸಮಾಧಾನವಿಲ್ಲದ್ದರಿಂದ ಸರ್ವೋಚ್ಚ ನ್ಯಾಯಾಲಯವು ವಿಚಾರಣೆಯನ್ನು ಮುಂದುವರಿಸಗೊಡಲಿಲ್ಲ, ಪಿ.ವಿ. ಮಹಾದೇವನ್ ಪ್ರಕರಣದಲ್ಲಿ (2005) ಹತ್ತು ವರ್ಷದ ವಿಳಂಬಕ್ಕೂ ಅದೇ ಗತಿಯಾಯಿತು. ಆದರೆ ಕಾರಾಗೃಹದಿಂದ ಬಂದಿಗಳು ತಪ್ಪಿಸಿಕೊಳ್ಳಲೆತ್ನಿಸಿದ ಗಂಭೀರ ಸಂಗತಿಯುಳ್ಳ ಚಮನ್ ಲಾಲ್ ಗೋಯಲ್ ಪ್ರಕರಣದಲ್ಲಿ (1995) ಐದೂವರೆ ವರ್ಷದ ವಿಳಂಬವನ್ನು ಒಪ್ಪದಿದ್ದರೂ ಆರೋಪಗಳನ್ನು ರದ್ದುಪಡಿಸದೆ, ವಿಚಾರಣೆಯನ್ನು ಬೇಗ ಮುಗಿಸಿರೆಂದು ಆದೇಶಿಸಿತು. ವರ್ಷಗಳ ಎಣಿಕೆಯೊಂದೇ ಸಾಲದು. ಆರೋಪದ ತೂಕವನ್ನೂ, ಕಡತ ಕಳೆದು ಸಾಕ್ಷಿ ತೀರಿಹೋಗಿ ಪ್ರತಿವಾದಕ್ಕೆ ಆದ ಹಾನಿಯನ್ನೂ, ತಡವಾದದ್ದು ಯಾರಿಂದೆಂಬುದನ್ನೂ ನ್ಯಾಯಾಲಯ ತೂಗಿ ನೋಡುತ್ತದೆ. ವಾಯಿದೆಯ ಮೇಲೆ ವಾಯಿದೆ ಕೇಳಿ ತಾನೇ ಕಾಲಹರಣ ಮಾಡಿದವನು ವಿಳಂಬದ ದೂರು ಹೇಳಿದರೆ ಯಾರು ಕೇಳುತ್ತಾರೆ? ಪ್ರೇಮನಾಥ ಬಾಲಿ ಪ್ರಕರಣದಲ್ಲಿ (2015) ವಿಚಾರಣೆಯನ್ನು ಸಾಧ್ಯವಾದಷ್ಟೂ ಆರು ತಿಂಗಳಲ್ಲಿ, ಅನಿವಾರ್ಯವಾದಲ್ಲಿ ಒಂದು ವರ್ಷದೊಳಗೆ ಮುಗಿಸಬೇಕೆಂದು ಹೇಳಿರುವ ಮಾತು ನಮ್ಮ ಅನೇಕ ಕಚೇರಿಗಳ ಕಿವಿಗೆ ಇನ್ನೂ ಬಿದ್ದಂತಿಲ್ಲ.

ಆದ್ದರಿಂದ ಪ್ರತಿಯೊಂದು ವಿಚಾರಣಾ ದಿನಕ್ಕೂ ತಪ್ಪದೆ ಹಾಜರಾಗಿ, ಮುಂದೂಡಿದ್ದು ಯಾರ ಕಾರಣದಿಂದೆಂಬುದನ್ನು ನಡವಳಿಯಲ್ಲಿ ಬರೆಯಿಸಿ; ಶಿಸ್ತು ಪ್ರಾಧಿಕಾರಕ್ಕೆ ಸ್ಪೀಡ್ ಪೋಸ್ಟಿನಲ್ಲಿ ಮನವಿ ಕಳುಹಿಸಿ, ಸ್ವೀಕೃತಿಯನ್ನು ಜೋಪಾನಮಾಡಿ. ಕಡತ ಯಾವ ಮೇಜಿನ ಮೇಲೆ ಎಷ್ಟು ಕಾಲ ಮಲಗಿತ್ತೆಂಬುದನ್ನು ಹತ್ತು ರೂಪಾಯಿ ಶುಲ್ಕದ ಮಾಹಿತಿ ಹಕ್ಕಿನ ಅರ್ಜಿಯಿಂದಲೇ ತಿಳಿಯಬಹುದು. ಮನವಿಗೆ ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಆ ಬಳಿಕ ಒಂದು ವರ್ಷದೊಳಗಾಗಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಅರ್ಜಿ ಸಲ್ಲಿಸಬೇಕು. ಈ ಅವಧಿಯನ್ನು ಕಳೆದುಕೊಂಡರೆ, ವಿಳಂಬವನ್ನು ಪ್ರಶ್ನಿಸುವವರೇ ವಿಳಂಬಕ್ಕೆ ಕ್ಷಮೆ ಬೇಡಬೇಕಾದೀತು. ತಡವಾಗಿ ಬಂದ ಹಣಕ್ಕೆ ಬಡ್ಡಿ ಕೇಳುವ ಹಕ್ಕನ್ನು ನ್ಯಾಯಾಲಯಗಳು ಮನ್ನಿಸಿರುವುದರಿಂದ, ಅರ್ಜಿಯಲ್ಲಿ ಬಡ್ಡಿಯ ಕೋರಿಕೆಯನ್ನು ಪ್ರತ್ಯೇಕವಾಗಿ ಬರೆಯಲು ಮರೆಯಬೇಡಿ.