ನ್ಯಾಯಾಲಯವನ್ನು ನುಂಗಿದ ನ್ಯಾಯವಾದಿ

ನ್ಯೂಯಾರ್ಕ್ ನಗರದ ಚೇಂಬರ್ಸ್ ಬೀದಿಯಲ್ಲಿ ಒಂದು ಹಳೆಯ ನ್ಯಾಯಾಲಯ ಭವನವಿದೆ. 1861ರಲ್ಲಿ ಅದರ ಕಟ್ಟಡದ ಕೆಲಸ ಮೊದಲಾದಾಗ ಅಂದಾಜು ಮಾಡಿದ್ದ ವೆಚ್ಚ 2,50,000 ಡಾಲರು. ಕಡೆಗೆ ಅದಕ್ಕೆ ತಗುಲಿದ್ದು ಒಂದು ಕೋಟಿ ಡಾಲರುಗಳಿಗೂ ಹೆಚ್ಚು. 1867ರಲ್ಲಿ ಅಮೆರಿಕ ಸರ್ಕಾರವು ರಷ್ಯದಿಂದ ವಿಶಾಲವಾದ ಅಲಾಸ್ಕಾ ಪ್ರಾಂತವನ್ನೇ ಕೊಂಡುಕೊಂಡದ್ದು 72 ಲಕ್ಷ ಡಾಲರುಗಳಿಗೆ! ಹಾಗಾದರೆ ಈ ಭವನಕ್ಕೆಂದು ಸುರಿದ ಹಣವೆಲ್ಲ ಎಲ್ಲಿ ಹೋಯಿತು?

ಅದರ ಬಹುಭಾಗವು ವಿಲಿಯಂ ಟ್ವೀಡ್ ಮತ್ತು ಅವನ ಕೂಟದವರ ಕೈಸೇರಿತು. ಟ್ವೀಡನು 1823ರಲ್ಲಿ ನ್ಯೂಯಾರ್ಕಿನಲ್ಲಿಯೇ ಕುರ್ಚಿ ಮಾಡುವವನೊಬ್ಬನ ಮಗನಾಗಿ ಜನಿಸಿದನು. ದೈತ್ಯದೇಹಿ, ಮಾತಿನಲ್ಲಿ ಚತುರ. ಮೊದಲು ನಗರಸಭೆಯನ್ನೂ, 1853ರಲ್ಲಿ ರಾಷ್ಟ್ರದ ಕಾಂಗ್ರೆಸ್ ಸಭೆಯನ್ನೂ ಪ್ರವೇಶಿಸಿದನು. ಕಾನೂನನ್ನು ಅವನು ಓದಿದವನೇ ಅಲ್ಲ. ಆದರೂ 1860ರಲ್ಲಿ ಮಿತ್ರನಾದ ಜಾರ್ಜ್ ಬರ್ನಾರ್ಡ್ ಎಂಬವನ ಕೃಪೆಯಿಂದ ವಕೀಲನೆನಿಸಿಕೊಂಡನು. ಈರೀ ರೈಲ್ವೆ ಕಂಪನಿಯಿಂದ ಅವನಿಗೆ ಸಂದ ಲಂಚವು 'ಕಾನೂನು ಸಲಹೆಯ ಶುಲ್ಕ'ವೆಂಬ ಗೌರವದ ಹೆಸರನ್ನು ಹೊತ್ತು ಬರಲು ಇದರಿಂದ ಅನುಕೂಲವಾಯಿತು. ಆ ಬರ್ನಾರ್ಡನು ಮುಂದೆ ನ್ಯಾಯಾಧೀಶನಾಗಿ, 1872ರಲ್ಲಿ ಭ್ರಷ್ಟತೆಯ ಆರೋಪ ಸ್ಥಿರಪಟ್ಟು ಪದಚ್ಯುತನಾದನು.

ಟ್ಯಾಮನಿ ಹಾಲ್ ಎಂಬುದು ನಗರದ ಡೆಮೊಕ್ರಾಟಿಕ್ ಪಕ್ಷವನ್ನು ನಡೆಸುತ್ತಿದ್ದ ಪ್ರಬಲ ಸಂಘ. ಟ್ವೀಡನು ಅದರ ಯಜಮಾನನಾದನು. ಐರ್ಲೆಂಡಿನಿಂದ ವಲಸೆ ಬಂದ ಬಡವರಿಗೆ ಕೆಲಸ ಕೊಡಿಸುವನು, ಕಷ್ಟದಲ್ಲಿ ನೆರವಾಗುವನು. ಅವರು ಮತ ಕೊಡುವರು. ಒಂದು ಚಳಿಗಾಲದಲ್ಲಿ ತನ್ನ ವಾರ್ಡಿನ ಬಡವರಿಗೆ 50,000 ಡಾಲರುಗಳನ್ನು ಹಂಚಿದನು. ಪಡೆದವರಿಗೆ ಅವನು ದಾನಿಯಾಗಿ ಕಂಡದ್ದು ಸಹಜವೇ. ಹಸಿದವನು ಕೊಟ್ಟವನ ಲೆಕ್ಕ ಕೇಳುವುದುಂಟೇ?

ಕಳವಿನ ಕ್ರಮ ಬಹು ಸರಳವಾಗಿತ್ತು. ಗುತ್ತಿಗೆದಾರನು ನಿಜವಾದ ಬೆಲೆಯ ಹಲವು ಪಟ್ಟು ಬಿಲ್ಲು ಬರೆಯಬೇಕು; ನಗರದ ಹಣಕಾಸಿನ ಅಧಿಕಾರಿ ಕಾನಲಿ, ಮೇಯರ್ ಹಾಲ್ ಮೊದಲಾದವರು ಸಹಿ ಹಾಕಬೇಕು; ಹಣ ಬಂದೊಡನೆ ಬಹುಪಾಲನ್ನು ಕೂಟಕ್ಕೆ ಹಿಂದಿರುಗಿಸಬೇಕು. ಮೂರು ಮೇಜು, ನಲವತ್ತು ಕುರ್ಚಿಗಳಿಗೆ 1,79,729 ಡಾಲರು! ಕುರ್ಚಿ ಮಾಡುವವನ ಮಗನಿಗೆ ಕುರ್ಚಿಯ ಬೆಲೆ ತಿಳಿಯದೆ ಇದ್ದೀತೆ? ಗಾರ್ವಿ ಎಂಬ ಗಾರೆಯವನ ಎರಡು ದಿನಗಳ ಕೆಲಸಕ್ಕೆ 1,33,187 ಡಾಲರು. ಎಲ್ಲಕ್ಕೂ ಬಿಲ್ಲು ಇತ್ತು, ಸಹಿ ಇತ್ತು. ಕನ್ನ ಕೊರೆಯುವ ಕಳ್ಳನಿಗೆ ಕತ್ತಲೆ ಬೇಕು. ಇವರಿಗೆ ಹಗಲೇ ಸಾಕಾಗಿತ್ತು.

ಲೆಕ್ಕಪತ್ರಗಳನ್ನು ಕಾಯುತ್ತಿದ್ದ ವಾಟ್ಸನ್ ಎಂಬವನು 1871ರ ಜನವರಿಯಲ್ಲಿ ಹಿಮಬಂಡಿಯ ಅಪಘಾತದಿಂದ ಮಡಿದನು. ಅನಂತರ ಆ ಲೆಕ್ಕಗಳ ಪ್ರತಿಗಳು 'ನ್ಯೂಯಾರ್ಕ್ ಟೈಮ್ಸ್' ಪತ್ರಿಕೆಯನ್ನು ತಲಪಿದವು. ಜುಲೈ ತಿಂಗಳಿನಲ್ಲಿ ಪತ್ರಿಕೆಯು ಅಂಕಿಗಳನ್ನು ಇದ್ದದ್ದು ಇದ್ದ ಹಾಗೆ ಅಚ್ಚುಮಾಡಿತು. ಅದನ್ನು ತಡೆಯಲು ಕಾನಲಿಯು 50 ಲಕ್ಷ ಡಾಲರುಗಳ ಆಸೆ ತೋರಿಸಿದರೂ ಅದರ ಒಡೆಯ ಜಾರ್ಜ್ ಜೋನ್ಸನು ಮಣಿಯಲಿಲ್ಲ. 'ಹಾರ್ಪರ್ಸ್ ವೀಕ್ಲಿ'ಯಲ್ಲಿ ಥಾಮಸ್ ನ್ಯಾಸ್ಟನು ಟ್ವೀಡನ ವ್ಯಂಗ್ಯಚಿತ್ರಗಳನ್ನು ವಾರವಾರವೂ ಬರೆಯುತ್ತಿದ್ದನು. ಲೇಖನಗಳಿಗಿಂತ ಈ ಚಿತ್ರಗಳಿಗೇ ಟ್ವೀಡನು ಹೆಚ್ಚು ಅಂಜಿದನೆನ್ನುವರು. ಅವನ ಮತದಾರರಲ್ಲಿ ಅನೇಕರಿಗೆ ಓದು ಬಾರದಿದ್ದರೂ ಕಣ್ಣುಗಳಿದ್ದವಷ್ಟೆ.

1873ರಲ್ಲಿ ಅವನಿಗೆ ಹನ್ನೆರಡು ವರ್ಷಗಳ ಸೆರೆವಾಸದ ಶಿಕ್ಷೆಯಾಯಿತು. ಮೇಲಿನ ನ್ಯಾಯಾಲಯವು ಅದನ್ನು ಒಂದು ವರ್ಷಕ್ಕೆ ಇಳಿಸಿತು. ಬಿಡುಗಡೆಯಾದೊಡನೆ, ನಗರದ ಹಣದ ವಸೂಲಿಗಾಗಿ ಹೂಡಿದ ದಾವೆಯಲ್ಲಿ ಮತ್ತೆ ಬಂಧನ. 1875ರ ಡಿಸೆಂಬರಿನಲ್ಲಿ ಮನೆಯವರನ್ನು ಕಾಣಲು ಕಾವಲಿನೊಡನೆ ಹೋದವನು ಅಲ್ಲಿಂದಲೇ ಪರಾರಿಯಾಗಿ, ಕ್ಯೂಬಾದ ಮಾರ್ಗವಾಗಿ ಸ್ಪೇನ್ ದೇಶವನ್ನು ಸೇರಿದನು. ಅಲ್ಲಿ ಅವನನ್ನು ಗುರುತಿಸಿಕೊಟ್ಟದ್ದು ನ್ಯಾಸ್ಟನ ಒಂದು ಚಿತ್ರ! ಅದರಲ್ಲಿ ಟ್ವೀಡನು ಇಬ್ಬರು ಹುಡುಗರ ಕೊರಳಪಟ್ಟಿ ಹಿಡಿದಿದ್ದುದರಿಂದ, ಸ್ಪೇನಿನ ಅಧಿಕಾರಿಗಳು ಅವನನ್ನು ಮಕ್ಕಳ ಕಳ್ಳನೆಂದು ಭಾವಿಸಿದರಂತೆ.

ಮರಳಿ ತಂದ ಮೇಲೆ, ಬಿಡುಗಡೆಯ ಆಸೆಯಿಂದ ಟ್ವೀಡನು ಎಲ್ಲವನ್ನೂ ಒಪ್ಪಿಕೊಂಡನು. ಆದರೆ ಬಿಡುಗಡೆ ದೊರೆಯಲಿಲ್ಲ. 1878ರ ಏಪ್ರಿಲ್ 12ರಂದು ಲಡ್ಲೋ ಬೀದಿಯ ಸೆರೆಮನೆಯಲ್ಲಿ ಮೃತನಾದನು. 1873ರಲ್ಲಿ ಅವನ ವಿಚಾರಣೆ ನಡೆದದ್ದು ಆ ನ್ಯಾಯಾಲಯ ಭವನದಲ್ಲಿಯೇ. ಆಗಿನ್ನೂ ಅದು ಪೂರ್ತಿಯಾಗಿರಲಿಲ್ಲ. ಕೆಲಸ ಮುಗಿಯುವಾಗ 1881 ಆಗಿತ್ತು.