ವಾರ್ಡಿನಿಂದ ಮೇಯರ್ ಗೌನಿನವರೆಗೆ: ಪಾಲಿಕೆ ನಡೆಯುವ ಬಗೆ

2021ರ ಸೆಪ್ಟೆಂಬರ್ 3ರಂದು ಹುಬ್ಬಳ್ಳಿ-ಧಾರವಾಡ, ಬೆಳಗಾವಿ ಮತ್ತು ಕಲಬುರಗಿ ಮಹಾನಗರ ಪಾಲಿಕೆಗಳಿಗೆ ಒಂದೇ ದಿನ ಮತದಾನ ನಡೆಯಿತು. ಮೂರು ದಿನದಲ್ಲಿ ಫಲಿತಾಂಶವೂ ಬಂತು. ಆದರೆ ಹುಬ್ಬಳ್ಳಿ-ಧಾರವಾಡಕ್ಕೆ ಮೇಯರ್ ಸಿಕ್ಕಿದ್ದು 2022ರ ಮೇ ತಿಂಗಳಲ್ಲಿ. ಬೆಳಗಾವಿ 2023ರ ಫೆಬ್ರುವರಿಯವರೆಗೆ, ಕಲಬುರಗಿ ಮಾರ್ಚ್‌ವರೆಗೆ ಕಾಯಬೇಕಾಯಿತು. ಕಲಬುರಗಿಯ 55 ಸ್ಥಾನಗಳಲ್ಲಿ 27 ಗೆದ್ದ ಕಾಂಗ್ರೆಸ್ ಅತಿ ದೊಡ್ಡ ಪಕ್ಷವಾಗಿತ್ತು. ಮೇಯರ್ ಗೌನು ಹೋದದ್ದು 23 ಸ್ಥಾನ ಗೆದ್ದಿದ್ದ ಬಿಜೆಪಿಗೆ.

ಇದು ಹೇಗಾಯಿತು ಎಂದು ಆ ಊರುಗಳ ಅನೇಕ ಮತದಾರರಿಗೆ ಯಾರೂ ಬಿಡಿಸಿ ಹೇಳಲಿಲ್ಲ. ವಿಧಾನಸಭೆಯ ಲೆಕ್ಕ ಎಲ್ಲರಿಗೂ ಬಾಯಿಪಾಠ. ಮನೆ ಮುಂದಿನ ಚರಂಡಿ, ಕಸದ ಗಾಡಿ, ಬೀದಿದೀಪಗಳನ್ನು ನೋಡಿಕೊಳ್ಳುವ ಪಾಲಿಕೆಯ ಲೆಕ್ಕವೇ ಗೊತ್ತಿಲ್ಲ. ಪಾಲಿಕೆಯಲ್ಲಿ ಮತದಾರನ ಮಾತಿಗೆ ಬೆಲೆ ಬರುವ ಸಂದರ್ಭಗಳು ಹಲವಿವೆ, ಮತಗಟ್ಟೆ ಅವುಗಳಲ್ಲಿ ಒಂದು. ಉಳಿದವು ಸದ್ದಿಲ್ಲದೆ ಬಂದು ಹೋಗುತ್ತವೆ. ಅವನ್ನು ಅನುಕ್ರಮವಾಗಿ ಗುರುತಿಸುವುದೇ ಈ ಲೇಖನದ ಉದ್ದೇಶ.

ಮೊದಲು, ಊರಿನ ದರ್ಜೆ ತಿಳಿಯಿರಿ

ಕರ್ನಾಟಕದಲ್ಲಿ 10 ಸಾವಿರದಿಂದ 20 ಸಾವಿರ ಜನಸಂಖ್ಯೆಯ ಊರಿಗೆ ಪಟ್ಟಣ ಪಂಚಾಯಿತಿ, 50 ಸಾವಿರದವರೆಗೆ ಪುರಸಭೆ, 3 ಲಕ್ಷದವರೆಗೆ ನಗರಸಭೆ, ಅದಕ್ಕೂ ಮೇಲಿದ್ದರೆ ಮಹಾನಗರ ಪಾಲಿಕೆ. ಮೊದಲ ಮೂರೂ 1964ರ ಪೌರಸಭೆಗಳ ಕಾಯ್ದೆಯಡಿ ನಡೆಯುತ್ತವೆ. ಮೈಸೂರು, ಮಂಗಳೂರು, ದಾವಣಗೆರೆಯಂಥ ಪಾಲಿಕೆಗಳು 1976ರ ಮಹಾನಗರ ಪಾಲಿಕೆಗಳ ಕಾಯ್ದೆಯಡಿ. ಬೆಂಗಳೂರಿನ ದಾರಿಯೇ ಬೇರೆ. 2024ರ ಗ್ರೇಟರ್ ಬೆಂಗಳೂರು ಆಡಳಿತ ಕಾಯ್ದೆಯ ನಂತರ, 2025ರ ಸೆಪ್ಟೆಂಬರ್‌ನಲ್ಲಿ ಅಲ್ಲಿ ಐದು ಪಾಲಿಕೆಗಳು ಹುಟ್ಟಿವೆ. ಇಲ್ಲಿ ಹೇಳುವುದು ಹೆಚ್ಚಾಗಿ 1976ರ ಕಾಯ್ದೆಯ ಊರುಗಳ ಕಥೆ. ಈ ಎಲ್ಲ ಕಾಯ್ದೆಗಳಿಗೂ ಮೇಲೆ, 1993ರ ಜೂನ್ 1ರಿಂದ ಜಾರಿಯಲ್ಲಿರುವ ಸಂವಿಧಾನದ 74ನೇ ತಿದ್ದುಪಡಿ ಇದೆ.

ಗಡಿ ಗೆರೆ ಎಳೆಯುವಾಗ ಎಚ್ಚರವಿರಲಿ

ಚುನಾವಣೆ ನಿಜಕ್ಕೂ ಶುರುವಾಗುವುದು ಪ್ರಚಾರದ ಆಟೊ ಬೀದಿಗೆ ಬಂದಾಗ ಅಲ್ಲ. ಅದಕ್ಕೂ ಎಷ್ಟೋ ಮೊದಲು, ವಾರ್ಡ್ ವಿಂಗಡಣೆಯ ಕರಡು ರಾಜ್ಯಪತ್ರದಲ್ಲಿ ಪ್ರಕಟವಾದಾಗ. ಜನಗಣತಿಯ ಅಂಕಿ ಹಿಡಿದು ಸರ್ಕಾರ ಗಡಿ ಗುರುತಿಸುತ್ತದೆ, ಆಕ್ಷೇಪಣೆ ಕರೆಯುತ್ತದೆ. ಅದಕ್ಕೆ ಸಿಗುವ ಕಾಲಾವಕಾಶ ಕಡಿಮೆ. ಒಂದೇ ಬಡಾವಣೆಯ ಎರಡು ಅಡ್ಡರಸ್ತೆಗಳು ಬೇರೆ ಬೇರೆ ವಾರ್ಡಿಗೆ ಬಿದ್ದಿವೆಯೇ, ರಾಜಕಾಲುವೆಯ ಆಚೆಗಿನ ಕೊಳೆಗೇರಿಯನ್ನು ದೂರದ ವಾರ್ಡಿಗೆ ಅಂಟಿಸಿದ್ದಾರೆಯೇ ಎಂದು ನೋಡಬೇಕಾದ ಹೊತ್ತು ಇದೇ. ಆಕ್ಷೇಪಣೆ ಲಿಖಿತವಾಗಿರಲಿ. ರಸ್ತೆಯ ಹೆಸರು, ಮನೆಗಳ ಅಂದಾಜು ಸಂಖ್ಯೆ, ಗಡಿ ಎಲ್ಲಿ ಬರಬೇಕೆಂಬ ಸಲಹೆ, ಇಷ್ಟೂ ಅದರಲ್ಲಿರಬೇಕು. "ನಮಗೆ ಅನ್ಯಾಯವಾಗಿದೆ" ಎಂದಷ್ಟೇ ಬರೆದ ಮನವಿಯಿಂದ ಗೆರೆ ಅಲುಗುವುದಿಲ್ಲ.

ಮೀಸಲಾತಿ ಪಟ್ಟಿಗೂ ಇದೇ ಕ್ರಮ. ಮಹಿಳೆಯರಿಗೆ ಕನಿಷ್ಠ ಮೂರನೇ ಒಂದು ಪಾಲು ಎಂದು ಸಂವಿಧಾನ ಹೇಳಿದರೆ, ಕರ್ನಾಟಕ ಅರ್ಧ ಪಾಲು ಕೊಟ್ಟಿದೆ. ಪರಿಶಿಷ್ಟ ಜಾತಿ, ಪಂಗಡಗಳಿಗೆ ಜನಸಂಖ್ಯೆಯ ಅನುಪಾತದಲ್ಲಿ ಸ್ಥಾನ. ಹಿಂದುಳಿದ ವರ್ಗಗಳಿಗೂ ಮೀಸಲು ಉಂಟು. ಹಿಂದುಳಿದ ವರ್ಗಗಳ ರಾಜಕೀಯ ಮೀಸಲಿಗೆ ಸುಪ್ರೀಂ ಕೋರ್ಟ್ ಅಂಕಿಅಂಶದ ಆಧಾರ ಕೇಳಿದ್ದರಿಂದಲೇ ರಾಜ್ಯ ಸರ್ಕಾರ ನ್ಯಾಯಮೂರ್ತಿ ಭಕ್ತವತ್ಸಲ ಆಯೋಗ ರಚಿಸಿತು. ಅದರ ವರದಿ 2022ರಲ್ಲಿ ಬಂತು. ಮೀಸಲು ವಾರ್ಡುಗಳು ಸರದಿಯ ಮೇಲೆ ಬದಲಾಗುತ್ತವೆ. ಹಿಂದಿನ ಸಲದ ಕಾರ್ಪೊರೇಟರ್ ಅದೇ ವಾರ್ಡಿನಲ್ಲಿ ಮತ್ತೆ ನಿಲ್ಲುತ್ತಾರೆಂಬ ಖಾತರಿ ಇಲ್ಲದಿರುವುದು ಇದರಿಂದಲೇ.

ಗುರುತಿನ ಚೀಟಿ ಇದ್ದರೆ ಸಾಲದು

ಲೋಕಸಭೆ, ವಿಧಾನಸಭೆ ಚುನಾವಣೆ ನಡೆಸುವುದು ಭಾರತ ಚುನಾವಣಾ ಆಯೋಗ. ಪಾಲಿಕೆ ಚುನಾವಣೆ ರಾಜ್ಯ ಚುನಾವಣಾ ಆಯೋಗದ್ದು. ಎರಡೂ ಪ್ರತ್ಯೇಕ ಸಂಸ್ಥೆಗಳು. ವಿಧಾನಸಭಾ ಕ್ಷೇತ್ರದ ಮತದಾರರ ಪಟ್ಟಿಯನ್ನೇ ವಾರ್ಡುವಾರು ಒಡೆದು ಪಾಲಿಕೆ ಪಟ್ಟಿ ಮಾಡುತ್ತಾರೆ. ಎಡವಟ್ಟು ಆಗುವುದು ಈ ಒಡೆಯುವ ಹಂತದಲ್ಲಿ: ಗಂಡನ ಹೆಸರು ಒಂದು ವಾರ್ಡಿನಲ್ಲಿ, ಹೆಂಡತಿಯದು ಪಕ್ಕದ ವಾರ್ಡಿನಲ್ಲಿ. ಆದ್ದರಿಂದ ವಿಧಾನಸಭೆಗೆ ಮತ ಹಾಕಿದವರೂ ಪಾಲಿಕೆಯ ಕರಡು ಪಟ್ಟಿ ಬಂದ ಕೂಡಲೇ ಮನೆಯವರೆಲ್ಲರ ಹೆಸರು ಹುಡುಕುವುದು ಒಳ್ಳೆಯದು. ಹೆಸರೇ ಇಲ್ಲದವರು ನಮೂನೆ 6, ಮನೆ ಬದಲಾಯಿಸಿದವರು ನಮೂನೆ 8 ತುಂಬಿ ಮತಗಟ್ಟೆ ಮಟ್ಟದ ಅಧಿಕಾರಿಗೆ ಕೊಡಬೇಕು. ಬಾಡಿಗೆ ಮನೆಯಲ್ಲಿರುವವರು ಇದನ್ನು ಮುಂದೂಡುತ್ತಲೇ ಇರುತ್ತಾರೆ, ಕೊನೆಗೆ ಹಳೆಯ ಬೀದಿಯ ಕಾರ್ಪೊರೇಟರನ್ನು ಆರಿಸಲು ಊರಾಚೆ ಹೋಗುತ್ತಾರೆ.

ಅಭ್ಯರ್ಥಿಯ ಅಫಿಡವಿಟ್ ಓದಿ

21 ವರ್ಷ ತುಂಬಿದವರು ಸ್ಪರ್ಧಿಸಬಹುದು. ನಾಮಪತ್ರದ ಜೊತೆ ಆಸ್ತಿ, ಸಾಲ, ಕ್ರಿಮಿನಲ್ ಪ್ರಕರಣ, ಓದಿನ ವಿವರಗಳ ಪ್ರಮಾಣಪತ್ರ ಕಡ್ಡಾಯ. ಅದು ಬರೀ ಕಾಗದ ಅಲ್ಲ. 2021ರಲ್ಲಿ ಮೈಸೂರಿನ ಮೇಯರ್ ಸ್ಥಾನದಲ್ಲಿದ್ದವರೇ ಅಫಿಡವಿಟ್‌ನಲ್ಲಿ ಆಸ್ತಿ ವಿವರ ಸರಿಯಾಗಿ ಕೊಡದ ಪ್ರಕರಣದಲ್ಲಿ ಹೈಕೋರ್ಟ್ ತೀರ್ಪಿನಿಂದ ಸದಸ್ಯತ್ವ ಕಳೆದುಕೊಂಡರು. ಅವರು ಗೆದ್ದಿದ್ದ 36ನೇ ವಾರ್ಡಿಗೆ ಉಪಚುನಾವಣೆ ನಡೆಯಿತು. ಪ್ರಶ್ನೆ ಎತ್ತಿದ್ದು ಸೋತ ಅಭ್ಯರ್ಥಿ.

ಮತದಾನದ ದಿನದ ಬಗ್ಗೆ ಹೆಚ್ಚು ಹೇಳುವ ಅಗತ್ಯವಿಲ್ಲ. ಒಂದು ವಾರ್ಡಿಗೆ ಒಬ್ಬರೇ ಸದಸ್ಯರು, ನೋಟಾಕ್ಕೂ ಅವಕಾಶ, ಹೆಚ್ಚು ಮತ ಪಡೆದವರ ಗೆಲುವು. ಸಣ್ಣ ವಾರ್ಡಿನಲ್ಲಿ ಹತ್ತಾರು ಮತಗಳಲ್ಲೇ ಸೋಲು ಗೆಲುವು ತೀರ್ಮಾನವಾಗುವುದುಂಟು.

ಮೇಯರನ್ನು ಆರಿಸುವವರು ಯಾರು?

ಜನರಲ್ಲ, ಸದಸ್ಯರು. ಚುನಾಯಿತ ಕಾರ್ಪೊರೇಟರುಗಳ ಜೊತೆ ಆ ಊರಿನ ಸಂಸದರು, ಶಾಸಕರು, ವಿಧಾನ ಪರಿಷತ್ ಸದಸ್ಯರಿಗೂ ಮತ ಇದೆ. ಸರ್ಕಾರ ನಾಮನಿರ್ದೇಶನ ಮಾಡುವ ಐವರವರೆಗಿನ ಸದಸ್ಯರು ಸಭೆಯಲ್ಲಿ ಕೂರಬಹುದು, ಮಾತಾಡಬಹುದು, ಮತ ಹಾಕುವಂತಿಲ್ಲ. ಕಲಬುರಗಿಯ ಒಗಟು ಬಿಡಿಸಿಕೊಳ್ಳುವುದು ಇಲ್ಲೇ. ಕಾರ್ಪೊರೇಟರುಗಳ ಮತದ ಮೇಲೆ ಶಾಸಕರು ಮತ್ತು ಪರಿಷತ್ ಸದಸ್ಯರ ಮತ ಸೇರಿ ಲೆಕ್ಕ ತಿರುಗಿತು. ಗೆಲುವಿನ ಅಂತರ ಕೂದಲೆಳೆಯಷ್ಟಿತ್ತು. ಹುಬ್ಬಳ್ಳಿ-ಧಾರವಾಡದಲ್ಲೂ 82ರಲ್ಲಿ 39 ಗೆದ್ದ ಬಿಜೆಪಿಗೆ ಸ್ವಂತ ಬಹುಮತ ಇರಲಿಲ್ಲ.

ಪ್ರಾದೇಶಿಕ ಆಯುಕ್ತರು ಈ ಚುನಾವಣೆ ನಡೆಸುತ್ತಾರೆ. ಸದಸ್ಯರು ಕೈ ಎತ್ತಿ ಮತ ಹಾಕುತ್ತಾರೆ, ಯಾರು ಯಾರ ಕಡೆ ಎಂಬುದು ಅಲ್ಲೇ ಗೊತ್ತಾಗುತ್ತದೆ. ಪಕ್ಷದ ವಿಪ್ ಮೀರಿದವರಿಗೆ 1987ರ ಸ್ಥಳೀಯ ಸಂಸ್ಥೆಗಳ ಪಕ್ಷಾಂತರ ನಿಷೇಧ ಕಾಯ್ದೆ ಕಾದಿರುತ್ತದೆ. ಮೇಯರ್, ಉಪಮೇಯರ್ ಅವಧಿ 1976ರ ಕಾಯ್ದೆಯಲ್ಲಿ ಒಂದೇ ವರ್ಷ, ಆ ಹುದ್ದೆಗೂ ಮೀಸಲು ಸರದಿ. ಬೆಂಗಳೂರಿನ ಹೊಸ ಕಾಯ್ದೆಯಲ್ಲಿ ಇದು 30 ತಿಂಗಳು, ನಗರಸಭೆ ಅಧ್ಯಕ್ಷರಿಗೂ 30 ತಿಂಗಳೇ. ಒಂದು ವರ್ಷದಲ್ಲಿ ಮೇಯರ್ ಒಬ್ಬರು ಕಡತಗಳ ಭಾಷೆ ಕಲಿಯುವಷ್ಟರಲ್ಲಿ ಗೌನು ಕಳಚುವ ದಿನ ಬರುತ್ತದೆ. ಉಳಿದ ಪಾಲಿಕೆಗಳಿಗೂ ಈ ಅವಧಿ ಬೆಳೆಯಲೇಬೇಕು.

ಸದಸ್ಯರ ಐದು ವರ್ಷ ಎಣಿಸುವುದು ಫಲಿತಾಂಶದ ದಿನದಿಂದಲ್ಲ, ಮೊದಲ ಸಭೆಯಿಂದ. ಮೈಸೂರಿನಲ್ಲಿ 2018ರ ಆಗಸ್ಟ್ 31ರಂದು ಮತದಾನವಾದರೂ ಅವಧಿ ಮುಗಿದದ್ದು 2023ರ ನವೆಂಬರ್‌ನಲ್ಲಿ. ಮೇಯರ್ ಹುದ್ದೆಯ ಮೀಸಲು ಪಟ್ಟಿಯ ತಕರಾರಿನಿಂದ ಮೊದಲ ಸಭೆ ತಡವಾದರೆ, ಗೆದ್ದವರು ಅಷ್ಟು ಕಾಲ ಹೆಸರಿಗೆ ಮಾತ್ರ ಸದಸ್ಯರು. ವಾರ್ಡಿನ ಜನ ಅವರ ಮನೆಗೆ ದೂರು ಒಯ್ಯುತ್ತಾರೆ, ಅವರ ಕೈಯಲ್ಲಿ ಸಹಿ ಇರುವುದಿಲ್ಲ.

ಒಂದು ಚರಂಡಿಯ ಕಡತ ಹಿಡಿದು ಹೊರಟರೆ

ಪಾಲಿಕೆಯ ಅಧಿಕಾರ ಯಾರ ಕೈಯಲ್ಲಿದೆ ಎಂದು ತಿಳಿಯಲು ಒಂದು ಕಾಮಗಾರಿಯ ದಾರಿ ನೋಡುವುದೇ ಸುಲಭ. ಅಡ್ಡರಸ್ತೆಯೊಂದರ ಚರಂಡಿ ಕುಸಿದಿದೆ ಎನ್ನಿ. ಕಾರ್ಪೊರೇಟರ್ ಅದನ್ನು ವಲಯ ಕಚೇರಿಯ ಎಂಜಿನಿಯರ್ ಗಮನಕ್ಕೆ ತರುತ್ತಾರೆ. ಎಂಜಿನಿಯರ್ ಅಳತೆ ಮಾಡಿ ಎಸ್ಟಿಮೇಟ್ ಹಾಕುತ್ತಾರೆ. ಹಣ ಎಲ್ಲಿಂದ ಎಂಬುದು ಮುಂದಿನ ಪ್ರಶ್ನೆ: ಪಾಲಿಕೆಯ ಸ್ವಂತ ನಿಧಿಯೇ, ಹಣಕಾಸು ಆಯೋಗದ ಅನುದಾನವೇ, ರಾಜ್ಯದ ನಗರೋತ್ಥಾನ ಯೋಜನೆಯೇ? ಸಣ್ಣ ಮೊತ್ತಕ್ಕೆ ಆಯುಕ್ತರ ಸಹಿ ಸಾಕು, ದೊಡ್ಡದಾದರೆ ಸ್ಥಾಯಿ ಸಮಿತಿ, ಇನ್ನೂ ದೊಡ್ಡದಾದರೆ ಸಾಮಾನ್ಯ ಸಭೆ, ಅದಕ್ಕೂ ಮೀರಿದರೆ ಬೆಂಗಳೂರಿನ ನಗರಾಭಿವೃದ್ಧಿ ಇಲಾಖೆ. ಆಮೇಲೆ ಟೆಂಡರ್, ಕಾರ್ಯಾದೇಶ, ಕೆಲಸ, ಅಳತೆ ಪುಸ್ತಕ, ಬಿಲ್ಲು.

ಈ ದಾರಿಯಲ್ಲಿ ನಿರ್ಣಯ ಮಾಡುವುದು ಚುನಾಯಿತರು, ಜಾರಿ ಮಾಡುವುದು ಆಯುಕ್ತರು. ಆಯುಕ್ತರನ್ನು ನೇಮಿಸುವುದು, ವರ್ಗ ಮಾಡುವುದು ರಾಜ್ಯ ಸರ್ಕಾರ. ಪಾಲಿಕೆಯ ನಿರ್ಣಯವನ್ನು ರದ್ದು ಮಾಡುವ ಅಧಿಕಾರವೂ ಸರ್ಕಾರಕ್ಕಿದೆ. ಮೇಯರ್ ಸಭೆಯ ಅಧ್ಯಕ್ಷರು, ಊರಿನ ಮೊದಲ ಪ್ರಜೆ. ಆದರೆ ಊರಿನ ಮುಖ್ಯಮಂತ್ರಿಯಲ್ಲ. ಅವರ ಒಂದು ಮಾತಿಗೆ ರಸ್ತೆ ಆಗಿಬಿಡುತ್ತದೆ ಎಂದು ನಂಬಿ ಮನವಿ ಕೊಡುವವರಿಗೆ ನಿರಾಸೆಯಾಗುವುದು ಇದರಿಂದ.

ನಿಜವಾದ ಕೆಲಸ ನಡೆಯುವುದು ನಾಲ್ಕು ಸ್ಥಾಯಿ ಸಮಿತಿಗಳಲ್ಲಿ: ತೆರಿಗೆ ಮತ್ತು ಹಣಕಾಸು, ಆರೋಗ್ಯ ಮತ್ತು ಶಿಕ್ಷಣ, ನಗರ ಯೋಜನೆ, ಲೆಕ್ಕಪತ್ರ. ಪತ್ರಿಕೆಯಲ್ಲಿ ಸಾಮಾನ್ಯ ಸಭೆಯ ಗದ್ದಲ ಸುದ್ದಿಯಾಗುತ್ತದೆ, ಈ ಸಮಿತಿಗಳ ತೀರ್ಮಾನ ಆಗುವುದಿಲ್ಲ. ತನ್ನ ವಾರ್ಡಿನ ಕಾರ್ಪೊರೇಟರ್ ಯಾವ ಸಮಿತಿಯಲ್ಲಿದ್ದಾರೆ ಎಂಬುದನ್ನು ಪ್ರತಿ ಮತದಾರನೂ ತಿಳಿದಿರಬೇಕು.

ಪಾಲಿಕೆಯದಲ್ಲದ ದೂರನ್ನು ಪಾಲಿಕೆಗೆ ಒಯ್ದು ದಿನ ಕಳೆಯುವವರೂ ಬಹಳ. ಬೀದಿದೀಪ ಪಾಲಿಕೆಯದು, ವಿದ್ಯುತ್ ಕಡಿತ ಹೆಸ್ಕಾಂ, ಮೆಸ್ಕಾಂ, ಸೆಸ್ಕ್‌ನಂಥ ಕಂಪನಿಗಳದು. ಬಡಾವಣೆಯ ನಕ್ಷೆಗೆ ಮಂಜೂರಾತಿ ನಗರಾಭಿವೃದ್ಧಿ ಪ್ರಾಧಿಕಾರದ್ದು. ನೀರಿನ ವಿಷಯ ಊರಿಂದ ಊರಿಗೆ ಬೇರೆ: ಮೈಸೂರಿನಲ್ಲಿ ಪಾಲಿಕೆಯ ವಾಣಿವಿಲಾಸ ನೀರು ಸರಬರಾಜು ವಿಭಾಗ, ಬೆಂಗಳೂರಿನಲ್ಲಿ ಜಲಮಂಡಳಿ. ಸಂವಿಧಾನದ 12ನೇ ಅನುಸೂಚಿ 18 ವಿಷಯಗಳನ್ನು ನಗರಾಡಳಿತಕ್ಕೆಂದು ಪಟ್ಟಿ ಮಾಡಿದೆ. ನಗರ ಯೋಜನೆ, ನೀರು ಎರಡೂ ಆ ಪಟ್ಟಿಯಲ್ಲಿವೆ, ಆದರೂ ಪೂರ್ತಿಯಾಗಿ ಪಾಲಿಕೆಗಳ ಕೈಗೆ ಬಂದಿಲ್ಲ. ಮೂರು ದಶಕ ಕಳೆದ ಮೇಲೂ ಹೀಗಿರುವುದು ನಗರಗಳಿಗೆ ಆಗಿರುವ ಅನ್ಯಾಯ.

ವಾರ್ಡ್ ಸಮಿತಿ ಎಂಬ ಬಾಗಿಲು

3 ಲಕ್ಷ ಅಥವಾ ಅದಕ್ಕೂ ಹೆಚ್ಚು ಜನರಿರುವ ನಗರಗಳಲ್ಲಿ ವಾರ್ಡ್ ಸಮಿತಿ ಇರಬೇಕೆಂದು ಸಂವಿಧಾನವೇ ಹೇಳಿದೆ. ಕರ್ನಾಟಕದ ಕಾಯ್ದೆಯ ಪ್ರಕಾರ ಕಾರ್ಪೊರೇಟರ್ ಅದರ ಅಧ್ಯಕ್ಷರು, ಜೊತೆಗೆ ಹತ್ತು ಮಂದಿ. ಅವರಲ್ಲಿ ಕನಿಷ್ಠ ಮೂವರು ಮಹಿಳೆಯರು, ಇಬ್ಬರು ಪರಿಶಿಷ್ಟ ಜಾತಿ ಅಥವಾ ಪಂಗಡದವರು, ಇಬ್ಬರು ನಿವಾಸಿಗಳ ಸಂಘಗಳ ಪ್ರತಿನಿಧಿಗಳು. ಚುನಾವಣೆಗೆ ನಿಲ್ಲದೆ, ಪಕ್ಷ ಸೇರದೆ, ವಾರ್ಡಿನ ಕೆಲಸದಲ್ಲಿ ಸಾಮಾನ್ಯ ನಾಗರಿಕ ಅಧಿಕೃತವಾಗಿ ಕೂರಬಹುದಾದ ಜಾಗ ಇದು. ಆದರೂ ಅನೇಕ ಊರುಗಳಲ್ಲಿ ಇದು ಕಾಗದದಲ್ಲೇ ಉಳಿಯಿತು. ಮಂಗಳೂರಿನಲ್ಲಿ ನಾಗರಿಕ ಗುಂಪುಗಳು ಬೆನ್ನುಬಿದ್ದ ಮೇಲೆ ಸಮಿತಿಗಳು ರಚನೆಯಾದವು.

ಸೇರಬಯಸುವವರು ಪಾಲಿಕೆ ಅರ್ಜಿ ಕರೆದಾಗ ಸಲ್ಲಿಸಬೇಕು. ಅರ್ಜಿಯನ್ನೇ ಕರೆಯದಿದ್ದರೆ, ಯಾವಾಗ ಕರೆಯುತ್ತೀರಿ ಎಂದು ಆಯುಕ್ತರಿಗೆ ಬರೆದು ಕೇಳಬಹುದು. ಸಮಿತಿ ಇದ್ದಲ್ಲಿ ತಿಂಗಳ ಸಭೆಯ ನಡಾವಳಿ ಕೇಳಿ ಪಡೆಯಿರಿ. ಕಳೆದ ಸಭೆಯ ತೀರ್ಮಾನಗಳಲ್ಲಿ ಯಾವುದು ಆಗಿದೆ, ಯಾವುದು ಬಾಕಿ ಎಂದು ಹೋಲಿಸಿ ನೋಡಿದರೆ ಮುಂದಿನ ಪ್ರಶ್ನೆ ತಾನೇ ಸಿಗುತ್ತದೆ.

ಬಜೆಟ್‌ಗೆ ಮುಂಚಿನ ಸಾರ್ವಜನಿಕ ಸಭೆಯೂ ಹೀಗೇ ಖಾಲಿ ಹೋಗುವ ಅವಕಾಶ. ಏಪ್ರಿಲ್‌ನಲ್ಲಿ ಆಸ್ತಿ ತೆರಿಗೆ ಕಟ್ಟಿ ಶೇ 5ರ ರಿಯಾಯಿತಿ ಪಡೆಯಲು ಸಾಲು ನಿಲ್ಲುವವರಲ್ಲಿ, ಆ ಹಣ ಎಲ್ಲಿ ಹೋಗಬೇಕೆಂದು ಹೇಳಲು ಬಜೆಟ್ ಸಭೆಗೆ ಬರುವವರು ವಿರಳ. ಉತ್ತರ ಸಿಗದ ಪ್ರಶ್ನೆಗಳಿಗೆ ಮಾಹಿತಿ ಹಕ್ಕು ಇದೆ: 10 ರೂಪಾಯಿ ಶುಲ್ಕ, 30 ದಿನದ ಗಡುವು. "ನಮ್ಮ ವಾರ್ಡಿಗೆ ಏನು ಮಾಡಿದ್ದೀರಿ" ಎಂದು ಕೇಳುವ ಬದಲು "ಇಂಥ ವರ್ಷ ಇಂಥ ವಾರ್ಡಿನ ಕಾಮಗಾರಿಗಳ ಪಟ್ಟಿ, ಗುತ್ತಿಗೆದಾರರ ಹೆಸರು, ಪಾವತಿಯಾದ ಮೊತ್ತ, ಅಳತೆ ಪುಸ್ತಕದ ಪ್ರತಿ" ಎಂದು ಕೇಳಿದರೆ ಜಾರಿಕೊಳ್ಳಲು ದಾರಿ ಇರುವುದಿಲ್ಲ.

ಕಾರ್ಪೊರೇಟರೇ ಇಲ್ಲದ ಕಾಲದಲ್ಲಿ

ಅವಧಿ ಮುಗಿಯುವ ಮೊದಲೇ ಹೊಸ ಚುನಾವಣೆ ಮುಗಿದಿರಬೇಕು ಎನ್ನುತ್ತದೆ ಸಂವಿಧಾನದ 243ಯು ವಿಧಿ. ನಡೆದದ್ದು ಬೇರೆ. ಬೆಂಗಳೂರಿನಲ್ಲಿ 2015ರ ಆಗಸ್ಟ್‌ನಲ್ಲಿ ಆರಿಸಿದ 198 ಸದಸ್ಯರ ಅವಧಿ 2020ರ ಸೆಪ್ಟೆಂಬರ್‌ಗೆ ಮುಗಿಯಿತು. ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ (ಬಿಬಿಎಂಪಿ) ಒಡೆದು ಐದು ಪಾಲಿಕೆಗಳಾಗುವವರೆಗೆ, ಪೂರ್ತಿ ಐದು ವರ್ಷ, ಒಬ್ಬ ಚುನಾಯಿತ ಕಾರ್ಪೊರೇಟರೂ ಇರಲಿಲ್ಲ. ಮೈಸೂರಿನ 65 ವಾರ್ಡುಗಳೂ 2023ರ ನವೆಂಬರ್ ನಂತರ ಆಡಳಿತಾಧಿಕಾರಿಯ ಕೈಗೆ ಹೋದವು.

ಇಂಥ ಕಾಲದಲ್ಲಿ ಸಾಮಾನ್ಯ ಸಭೆಯ ನಿರ್ಣಯಗಳೂ ಆಡಳಿತಾಧಿಕಾರಿಯ ಸಹಿಯಿಂದಲೇ ಆಗುತ್ತವೆ. ದೂರು ಒಯ್ಯಲು ಮಾಜಿ ಕಾರ್ಪೊರೇಟರ್ ಮನೆ ಸಾಲದು. ವಲಯ ಕಚೇರಿಗೆ ಲಿಖಿತ ಅರ್ಜಿ ಕೊಟ್ಟು, ಪ್ರತಿಯ ಮೇಲೆ ತಾರೀಖಿನ ಸಮೇತ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಬೇಕು. ಅದೇ ಪ್ರತಿ ಆಯುಕ್ತರಿಗೂ ಆಡಳಿತಾಧಿಕಾರಿಗೂ ಹೋಗಲಿ. ಚುನಾವಣೆ ಯಾವಾಗ ಎಂಬ ಪ್ರಶ್ನೆಯನ್ನು ಎರಡು ಕಡೆ ಕೇಳಬೇಕು: ವಾರ್ಡ್ ವಿಂಗಡಣೆ ಮತ್ತು ಮೀಸಲು ಪಟ್ಟಿ ಎಲ್ಲಿಗೆ ಬಂತೆಂದು ನಗರಾಭಿವೃದ್ಧಿ ಇಲಾಖೆಯನ್ನು, ಮತದಾರರ ಪಟ್ಟಿ ಸಿದ್ಧವಾಗಿದೆಯೇ ಎಂದು ರಾಜ್ಯ ಚುನಾವಣಾ ಆಯೋಗವನ್ನು. ಸ್ಥಳೀಯ ಚುನಾವಣೆಗಳಿಗಾಗಿ ನಾಗರಿಕರು, ಮಾಜಿ ಸದಸ್ಯರು ಹೈಕೋರ್ಟ್ ಮೆಟ್ಟಿಲೇರಿದ್ದೂ ಇದೆ, ಆಗ ಇಂಥ ಪತ್ರಗಳೇ ಅರ್ಜಿಯ ಜೊತೆ ಲಗತ್ತಾಗುತ್ತವೆ.